ಫ್ಯಾಂಟಸಿ ಮತ್ತು ಸೈನ್ಸ್ ಫಿಕ್ಷನ್ ಅಧ್ಯಯನ: ಪದೇ ಪದೇ ಕೇಳುವ ಪ್ರಶ್ನೆಗಳು

ಡ್ರ್ಯಾಗನ್, ರೋಬಾಟ್ ಕಥೆ ಓದಿ ಡಾಕ್ಟರೇಟ್ ಮಾಡುವವರು ನಿಜವಾಗಲೂ ಇದ್ದಾರಾ?

ಇದ್ದಾರೆ, ಒಬ್ಬಿಬ್ಬರಲ್ಲ. ಇದು ನಿನ್ನೆ ಮೊನ್ನೆ ಶುರುವಾದ ಹುಚ್ಚೂ ಅಲ್ಲ. ಸೈನ್ಸ್ ಫಿಕ್ಷನ್‌ಗೆ ಮೀಸಲಾದ ಮೊದಲ ವಿದ್ವತ್ ಪತ್ರಿಕೆ 'ಎಕ್ಸ್‌ಟ್ರಾಪೊಲೇಷನ್' 1959ರಲ್ಲಿ ಬಂತು. ಅದನ್ನು ಶುರು ಮಾಡಿದವರು ಅಮೆರಿಕದ ಥಾಮಸ್ ಕ್ಲಾರ್ಸನ್. 1970ರಲ್ಲಿ ಸೈನ್ಸ್ ಫಿಕ್ಷನ್ ರಿಸರ್ಚ್ ಅಸೋಸಿಯೇಷನ್ ಹುಟ್ಟಿತು. 1972ರಲ್ಲಿ ಬ್ರಿಟನ್ನಿನಿಂದ 'ಫೌಂಡೇಷನ್', 1973ರಲ್ಲಿ 'ಸೈನ್ಸ್ ಫಿಕ್ಷನ್ ಸ್ಟಡೀಸ್' ಬಂದವು. ಈ ಮೂರೂ ಪತ್ರಿಕೆಗಳಲ್ಲಿ ಬಂದದ್ದನ್ನು ಪೂರ್ತಿ ಓದಿ ಮುಗಿಸಲು ಒಂದು ಜನ್ಮ ಸಾಲದು.

ಆದರೂ ಈ ಪ್ರಶ್ನೆ ನಿಂತಿಲ್ಲ. ಈ ವಿಷಯದ ಮೇಲೆ ಪ್ರಬಂಧ ಬರೆಯುತ್ತೇನೆ ಅಂತ ನಾನು ಮೊದಲ ಸಲ ಹೇಳಿದಾಗ ಎದುರು ಕೂತಿದ್ದ ಹಿರಿಯರೊಬ್ಬರು ಕನ್ನಡಕ ತೆಗೆದು, "ಮಕ್ಕಳ ಪುಸ್ತಕಾನಾ?" ಅಂದರು. ಆ ದಿನ ತುಂಬ ಬೇಜಾರಾಗಿತ್ತು. ಅವರ ಪ್ರಶ್ನೆಯೇ ಅಧ್ಯಯನಕ್ಕೆ ಒಳ್ಳೆಯ ವಿಷಯ ಅಂತ ಹೊಳೆದದ್ದು ಆಮೇಲೆ. ದೊಡ್ಡವರು ಯಾವಾಗಿನಿಂದ ಡ್ರ್ಯಾಗನ್ ಕಂಡರೆ ನಾಚಿಕೊಳ್ಳಲು ಶುರು ಮಾಡಿದರು? ಯಾಕೆ? ಫ್ಯಾಂಟಸಿ, ಸೈನ್ಸ್ ಫಿಕ್ಷನ್ ಎರಡನ್ನೂ ಬರೆದ ಅಮೆರಿಕದ ಲೇಖಕಿ ಅರ್ಸುಲಾ ಲೆ ಗ್ವಿನ್ 1974ರಲ್ಲೇ ಅಮೆರಿಕನ್ನರಿಗೆ ಡ್ರ್ಯಾಗನ್ ಅಂದರೆ ಯಾಕೆ ಭಯ ಅಂತ ಒಂದು ಪ್ರಬಂಧ ಬರೆದಿದ್ದರು.

ಅಲ್ಲಿ ಮಾಡುವ ಕೆಲಸ ಏನು? ಕಥೆ ಓದಿ ಸಾರಾಂಶ ಬರೆಯೋದಾ?

ಅಲ್ಲ. ಒಂದು ಸಣ್ಣ ಉದಾಹರಣೆ ನೋಡೋಣ. ಈ ವಾಕ್ಯ ನಾನೇ ಕಟ್ಟಿದ್ದು:

"ಎರಡನೇ ಸೂರ್ಯ ಮುಳುಗುವಷ್ಟರಲ್ಲಿ ಬಟ್ಟೆ ಒಣಗಿಬಿಡಲಿ ಅಂತ ಅವಳು ಅವಸರದಲ್ಲಿ ಹಗ್ಗ ಕಟ್ಟಿದಳು."

ಇಲ್ಲಿ ನಮ್ಮ ಲೋಕವನ್ನು ಮುರಿದ ಪದ ಒಂದೇ, 'ಎರಡನೇ'. ಉಳಿದದ್ದೆಲ್ಲ ದಿನಾ ಕಾಣುವಂಥದ್ದು. ಬಟ್ಟೆ ಒದ್ದೆಯಾಗುತ್ತದೆ, ಒಣಗಬೇಕು, ಹೊತ್ತು ಮೀರುತ್ತಿದೆ. ಅವಳಿಗೆ ಎರಡನೇ ಸೂರ್ಯ ಇದೆ ಅನ್ನೋದರಲ್ಲಿ ಏನೂ ಆಶ್ಚರ್ಯವಿಲ್ಲ. ಅದು ಮುಳುಗಿಬಿಡುತ್ತಲ್ಲ ಅನ್ನೋದಷ್ಟೇ ಕಿರಿಕಿರಿ. ಮೊದಲನೇ ಸೂರ್ಯ ಆಗಲೇ ಮುಳುಗಿರಬೇಕು ಅಂತ ನಾವೇ ಲೆಕ್ಕ ಹಾಕುತ್ತೇವೆ. ಹಾಗಾದರೆ ಅಲ್ಲಿ ಸಂಜೆ ಅಂದರೆ ಯಾವುದು? ನೆರಳು ಎರಡು ಬೀಳುತ್ತದಾ?

ಈಗ ಅದನ್ನೇ "ಆ ಗ್ರಹಕ್ಕೆ ಇಬ್ಬರು ಸೂರ್ಯರಿದ್ದರು" ಅಂತ ಬರೆದು ನೋಡಿ. ಮಾಹಿತಿ ಅಷ್ಟೇ. ಆದರೆ ಯಾರೋ ಹೊರಗೆ ನಿಂತು ನಮಗೆ ನಕ್ಷೆ ತೋರಿಸುತ್ತಿದ್ದಾರೆ. ಮೊದಲಿನ ವಾಕ್ಯದಲ್ಲಿ ನಾವು ಅವಳ ಪಕ್ಕದಲ್ಲಿದ್ದೆವು, ಎರಡನೆಯದರಲ್ಲಿ ಪ್ರವಾಸಿಗಳಾದೆವು. ಇಲ್ಲದ ಲೋಕವೊಂದನ್ನು ಯಾವ ಪದ, ಯಾವ ಕೋನದಿಂದ ನಂಬಿಸುತ್ತದೆ ಅಂತ ಹುಡುಕುವುದೇ ಈ ಕೆಲಸದ ತಿರುಳು ಅನ್ನೋದು ನನ್ನ ಅನಿಸಿಕೆ. ಉಳಿದ ವ್ಯಾಖ್ಯೆ, ವರ್ಗೀಕರಣ, ಇತಿಹಾಸ ಎಲ್ಲ ಅದರ ಸುತ್ತ ಬೆಳೆದದ್ದು.

ಇದಕ್ಕೊಂದು ಹೆಸರುವಾಸಿ ಉದಾಹರಣೆ ಇದೆ. ರಾಬರ್ಟ್ ಹೈನ್‌ಲೈನ್ 1942ರಲ್ಲಿ ಧಾರಾವಾಹಿಯಾಗಿ ಬರೆದ ಕಾದಂಬರಿಯಲ್ಲಿ ಒಂದು ಬಾಗಿಲು ತೆರೆಯುವುದಿಲ್ಲ, ಕಣ್ಣಿನ ಪಾಪೆಯ ಹಾಗೆ ಹಿಗ್ಗುತ್ತದೆ. ವಿವರಣೆ ಇಲ್ಲ. ಕಥೆ ಮುಂದೆ ಹೋಗುತ್ತದೆ. ಇಂಥ ವಾಕ್ಯಗಳನ್ನು ತುಂಬ ಹತ್ತಿರದಿಂದ ನೋಡಿದವರು ಸ್ಯಾಮ್ಯುಯೆಲ್ ಡಿಲೇನಿ. ಅವರು ಕಾದಂಬರಿಕಾರರೂ ಹೌದು, ವಿಮರ್ಶಕರೂ ಹೌದು. "ಅವಳ ಲೋಕವೇ ಸಿಡಿದುಹೋಯಿತು" ಅನ್ನುವಂಥ ವಾಕ್ಯ ಮಾಮೂಲಿ ಕಾದಂಬರಿಯಲ್ಲಿ ಬಂದರೆ ಅವಳಿಗೆ ಏನೋ ದುಃಖವಾಗಿದೆ ಅಂದುಕೊಳ್ಳುತ್ತೇವೆ. ಸೈನ್ಸ್ ಫಿಕ್ಷನ್‌ನಲ್ಲಿ ಬಂದರೆ ನಿಜವಾಗಿಯೂ ಒಂದು ಗ್ರಹ ಚೂರಾಗಿರಬಹುದು. ಅದಕ್ಕೇ ಸೈನ್ಸ್ ಫಿಕ್ಷನ್ ಅನ್ನೋದು ಒಂದು ಬಗೆಯ ಕಥೆ ಮಾತ್ರವಲ್ಲ, ಒಂದು ಬಗೆಯ ಓದು ಕೂಡ ಅಂತ ಡಿಲೇನಿ ವಾದ.

ಸೈನ್ಸ್ ಫಿಕ್ಷನ್‌ಗೂ ಫ್ಯಾಂಟಸಿಗೂ ವ್ಯತ್ಯಾಸ ಏನು?

ಕಾಫಿ ಕುಡಿಯುವಾಗ ಕೇಳಿದರೆ: ಒಂದರಲ್ಲಿ ಯಂತ್ರ, ಇನ್ನೊಂದರಲ್ಲಿ ಮಂತ್ರ. ಪರೀಕ್ಷೆಯಲ್ಲಿ ಕೇಳಿದರೆ ಡಾರ್ಕೋ ಸುವಿನ್ ಹೆಸರು ಬರೆಯಲೇಬೇಕು.

ಸುವಿನ್ ಹುಟ್ಟಿದ್ದು ಝಾಗ್ರೆಬ್‌ನಲ್ಲಿ, ಪಾಠ ಮಾಡಿದ್ದು ಕೆನಡಾದ ಮೆಕ್‌ಗಿಲ್ ವಿಶ್ವವಿದ್ಯಾಲಯದಲ್ಲಿ. 1972ರ ಒಂದು ಲೇಖನದಲ್ಲಿ, ಆಮೇಲೆ 1979ರ ಪುಸ್ತಕದಲ್ಲಿ ಅವರು ಸೈನ್ಸ್ ಫಿಕ್ಷನ್‌ಗೆ ಎರಡು ಕಾಲಿನ ವ್ಯಾಖ್ಯೆ ಕೊಟ್ಟರು. ಒಂದು ಕಾಲು ಅಪರಿಚಿತಗೊಳಿಸುವುದು, ಅಂದರೆ ನಮಗೆ ಗೊತ್ತಿರುವ ಬದುಕನ್ನೇ ಹೊಸದಾಗಿ, ವಿಚಿತ್ರವಾಗಿ ಕಾಣಿಸುವುದು. ಇದು ರಷ್ಯದ ವಿಮರ್ಶಕ ವಿಕ್ಟರ್ ಶ್ಕ್ಲೋವ್‌ಸ್ಕಿ 1917ರಲ್ಲಿ ಹೇಳಿದ ಮಾತು. ಜರ್ಮನಿಯ ನಾಟಕಕಾರ ಬ್ರೆಕ್ಟ್ ತನ್ನ ರಂಗಭೂಮಿಯಲ್ಲಿ ಅದನ್ನು ತನ್ನದೇ ರೀತಿಯಲ್ಲಿ ಬಳಸಿದ್ದ. ಇನ್ನೊಂದು ಕಾಲು ಅರಿವು. ಆ ವಿಚಿತ್ರಕ್ಕೆ ಕಾರಣ ಇರಬೇಕು, ತರ್ಕ ಇರಬೇಕು, ಓದುಗ ತಲೆ ಓಡಿಸಿ ಒಪ್ಪುವಂತಿರಬೇಕು. ಕಥೆಯಲ್ಲಿ ಬರುವ ಆ ಒಂದು ಹೊಸ ವಸ್ತುವನ್ನು ಸುವಿನ್ 'ನೋವಮ್' ಅಂದರು. ಆ ಪದವನ್ನು ಅವರು ತತ್ವಜ್ಞಾನಿ ಅರ್ನ್ಸ್ಟ್ ಬ್ಲಾಕ್ ಅವರಿಂದ ಪಡೆದರು. ಕಾಲಯಂತ್ರ ಒಂದು ನೋವಮ್. ಮೇಲಿನ ಎರಡನೇ ಸೂರ್ಯನೂ ಒಂದು ನೋವಮ್.

ಈ ಅಳತೆಯಲ್ಲಿ ಫ್ಯಾಂಟಸಿ ಫೇಲು. ಅಲ್ಲಿ ಅಪರಿಚಿತ ಇದೆ, ಅರಿವಿನ ತರ್ಕ ಇಲ್ಲ ಅಂತ ಸುವಿನ್ ಅದನ್ನು ಬಾಗಿಲ ಹೊರಗೇ ನಿಲ್ಲಿಸಿದರು. 2000ದಲ್ಲಿ ಬರೆದ ಲೇಖನದಲ್ಲಿ ಸ್ವಲ್ಪ ಮೆತ್ತಗಾದರು. ಅಷ್ಟರಲ್ಲಿ ಒಂದು ತಲೆಮಾರಿನ ವಿದ್ಯಾರ್ಥಿಗಳು ಫ್ಯಾಂಟಸಿ ಓದುವಾಗ ಪುಸ್ತಕಕ್ಕೆ ಬೇರೆ ರಟ್ಟು ಹಾಕಿಕೊಳ್ಳುವ ಹಾಗಾಗಿತ್ತು. ಸುವಿನ್ ವ್ಯಾಖ್ಯೆ ತುಂಬ ಚೂಪು, ನಾನೂ ಬಳಸುತ್ತೇನೆ. ಆದರೆ ಅದು ಯಾವುದು ಒಳ್ಳೆಯದು ಅನ್ನೋ ತೀರ್ಪನ್ನು ಯಾವುದು ಏನು ಅನ್ನೋ ವಿವರಣೆಯೊಳಗೆ ಸದ್ದಿಲ್ಲದೆ ತೂರಿಸುತ್ತದೆ.

ಬೆಳಕಿಗಿಂತ ವೇಗವಾಗಿ ಹೋಗುವ ನೌಕೆ ಇದ್ದರೆ ಅದು ವಿಜ್ಞಾನವಾ, ಮಂತ್ರವಾ?

ಇದು ಸುವಿನ್ ವ್ಯಾಖ್ಯೆಗೆ ಬಿದ್ದ ಸರಿಯಾದ ಏಟು. ಇವತ್ತಿನ ಭೌತಶಾಸ್ತ್ರದ ಪ್ರಕಾರ ಅಂಥ ನೌಕೆ ಹಾರುವ ಚಾಪೆಯಷ್ಟೇ ಅಸಾಧ್ಯ. ಆದರೂ ನೌಕೆ ಕಂಡರೆ ಸೈನ್ಸ್ ಫಿಕ್ಷನ್ ಅನ್ನುತ್ತೇವೆ, ಚಾಪೆ ಕಂಡರೆ ಫ್ಯಾಂಟಸಿ ಅನ್ನುತ್ತೇವೆ. ಯಾಕೆ?

2000ದಲ್ಲಿ ವಿಮರ್ಶಕ ಕಾರ್ಲ್ ಫ್ರೀಡ್‌ಮನ್ ಒಂದು ದಾರಿ ತೋರಿಸಿದರು. ವಿಜ್ಞಾನ ನಿಜವಾಗಿ ಸರಿಯಿದೆಯಾ ಅನ್ನೋದು ಮುಖ್ಯವಲ್ಲ. ಕಥೆ ತಾನು ತರ್ಕಬದ್ಧ ಅನ್ನುವ ಧಾಟಿಯಲ್ಲಿ ಮಾತಾಡುತ್ತಿದೆಯಾ ಅಂತ ನೋಡಬೇಕು. ಇದನ್ನು ಅವರು ಅರಿವಿನ ಪರಿಣಾಮ ಅಂದರು. ಕಾದಂಬರಿಕಾರ ಚೈನಾ ಮಿಯೆವಿಲ್ 2009ರಲ್ಲಿ ಅಲ್ಲಿಗೇ ಕೈ ಹಾಕಿದರು. ಧಾಟಿಯೇ ಮುಖ್ಯ ಅಂದರೆ ಅದು ಅರಿವಲ್ಲ, ಮಾತಿನ ಗತ್ತು. ಬಿಳಿ ಕೋಟು ಹಾಕಿದವರು ಹೇಳಿದ್ದನ್ನು ನಾವು ನಂಬಿಬಿಡುತ್ತೇವಲ್ಲ, ಹಾಗೆ. ಹಾಗಾದರೆ ಯಂತ್ರವೂ ಮಂತ್ರವೂ ನಂಬಿಸುವುದು ಒಂದೇ ದಾರಿಯಲ್ಲಿ. ಉಡುಪು ಮಾತ್ರ ಬೇರೆ.

ಈ ಜಗಳದಲ್ಲಿ ನಾನು ಮಿಯೆವಿಲ್ ಪಕ್ಷ.

ದೆವ್ವದ ಕಥೆ ಎಲ್ಲಿ ಬರುತ್ತದೆ?

ಅದಕ್ಕೆ ಸಾಹಿತ್ಯ ವಿಮರ್ಶಕ ತ್ಸ್ವೆತಾನ್ ತೊದೊರೋವ್ 1970ರಲ್ಲಿ ಫ್ರೆಂಚ್‌ನಲ್ಲಿ ಬರೆದ ಪುಸ್ತಕ ನೋಡಬೇಕು. ಅವರ ಪ್ರಕಾರ ವಿಚಿತ್ರ ಘಟನೆಯೊಂದು ನಡೆದಾಗ ಓದುಗ ಅನುಮಾನದಲ್ಲಿ ಸಿಕ್ಕಿಕೊಳ್ಳುತ್ತಾನೆ. ಇದು ಭ್ರಮೆಯಾ, ನಿಜವಾಗಿ ದೆವ್ವ ಇದೆಯಾ? ಆ ತೊಯ್ದಾಟ ಇರುವಷ್ಟು ಹೊತ್ತು ಮಾತ್ರ ಅದು ಅವರು ಹೇಳುವ ಅರ್ಥದ 'ಫೆಂಟಾಸ್ಟಿಕ್'. ಭ್ರಮೆ ಅಂತ ಗೊತ್ತಾದರೆ ಕಥೆ ಈ ಕಡೆ ಜಾರುತ್ತದೆ, ದೆವ್ವ ಇದೆ ಅಂತ ಖಾತ್ರಿಯಾದರೆ ಆ ಕಡೆ. ಕೊನೆವರೆಗೂ ಎರಡೂ ಕಡೆ ಜಾರದ ಕಥೆ ಬಹಳ ಅಪರೂಪ. ಹೆನ್ರಿ ಜೇಮ್ಸ್ 1898ರಲ್ಲಿ ಬರೆದ 'ದಿ ಟರ್ನ್ ಆಫ್ ದಿ ಸ್ಕ್ರೂ' ಅದಕ್ಕೆ ಎಲ್ಲರೂ ಕೊಡುವ ಉದಾಹರಣೆ.

ಒಂದು ಎಚ್ಚರಿಕೆ. ತೊದೊರೋವ್ ಹೇಳುವ ಫೆಂಟಾಸ್ಟಿಕ್ ಬೇರೆ, ಪುಸ್ತಕದಂಗಡಿಯ ಫ್ಯಾಂಟಸಿ ಕಪಾಟು ಬೇರೆ. ಇವೆರಡನ್ನೂ ಒಂದೇ ಅಂದುಕೊಂಡು ಬರೆದ ಪ್ರಬಂಧಗಳು ಎಷ್ಟೋ. ನನ್ನ ಮೊದಲ ಪ್ರಬಂಧವೂ ಅದರಲ್ಲೊಂದು.

ಹಾಗಾದರೆ ಫ್ಯಾಂಟಸಿಗೆ ಸರಿಯಾದ ವ್ಯಾಖ್ಯೆ ಇಲ್ವಾ?

ಗೆರೆ ಎಳೆಯಲು ಹೋದವರೆಲ್ಲ ಸುಸ್ತಾಗಿದ್ದಾರೆ. 1992ರಲ್ಲಿ ವಿಮರ್ಶಕ ಬ್ರಯಾನ್ ಆಟಬರಿ ಗೆರೆಯನ್ನೇ ಬಿಟ್ಟುಬಿಡೋಣ ಅಂದರು. ಗಣಿತದಲ್ಲಿ ಅಂಚು ಮಸುಕಾಗಿರುವ ಗಣ ಅಂತ ಒಂದು ಕಲ್ಪನೆ ಇದೆ. ಫ್ಯಾಂಟಸಿಯೂ ಹಾಗೇ. ನಡುವೆ ಎಲ್ಲರೂ ಒಪ್ಪುವ ಒಂದು ಕೃತಿ ಇರುತ್ತದೆ, ಉಳಿದವು ಅದಕ್ಕೆ ಹತ್ತಿರವೋ ದೂರವೋ ಇರುತ್ತವೆ. ನಡುವೆ ಕೂತಿರುವುದು ಟಾಲ್ಕಿನ್ ಅವರ 'ದಿ ಲಾರ್ಡ್ ಆಫ್ ದಿ ರಿಂಗ್ಸ್'. ಅದಕ್ಕೇ ಎಷ್ಟೋ ಫ್ಯಾಂಟಸಿಗಳಲ್ಲಿ ಮೊದಲ ಪುಟಕ್ಕೇ ಒಂದು ನಕ್ಷೆ!

ನನಗೆ ಇನ್ನೂ ಉಪಯೋಗಕ್ಕೆ ಬಂದದ್ದು ಫರಾ ಮೆಂಡಲ್‌ಸನ್ 2008ರಲ್ಲಿ ಬರೆದದ್ದು. ಫ್ಯಾಂಟಸಿ ಏನು ಅಂತ ಅವರು ಕೇಳಲಿಲ್ಲ. ಅದ್ಭುತ ಅನ್ನೋದು ಕಥೆಯೊಳಗೆ ಹೇಗೆ ಬರುತ್ತದೆ ಅಂತ ಕೇಳಿದರು. ನಾಲ್ಕು ಬಗೆ ಸಿಕ್ಕವು. ಮೊದಲನೆಯದರಲ್ಲಿ ಪಾತ್ರಗಳು ಒಂದು ಬಾಗಿಲು ದಾಟಿ ಬೇರೆ ಲೋಕಕ್ಕೆ ಹೋಗುತ್ತವೆ, ನಾವು ಅವರ ಜೊತೆ ಪ್ರವಾಸಿಗಳು. ಎರಡನೆಯದರಲ್ಲಿ ನಾವು ಶುರುವಿನಿಂದಲೇ ಆ ಲೋಕದವರು, ಯಾರೂ ಏನನ್ನೂ ವಿವರಿಸುವುದಿಲ್ಲ. ಮೂರನೆಯದರಲ್ಲಿ ಅದ್ಭುತವೇ ನಮ್ಮ ಮನೆಗೆ ನುಗ್ಗುತ್ತದೆ. ನಾಲ್ಕನೆಯದು ವಿಚಿತ್ರ: ಅದ್ಭುತ ಹೊಸ್ತಿಲಲ್ಲೇ ನಿಂತಿರುತ್ತದೆ, ಪಾತ್ರಗಳು ಅದನ್ನು ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ, ಓದುವ ನಮಗೆ ಮಾತ್ರ ತಳಮಳ. ಮೇಲೆ ಬಟ್ಟೆ ಒಣಹಾಕಿದ ವಾಕ್ಯ ಎರಡನೇ ಬಗೆಯದು. ಅದನ್ನು ತಿದ್ದಿ ಬರೆದದ್ದು ಮೊದಲನೆಯದಕ್ಕೆ ಹತ್ತಿರ. ಹೀಗೆ ಇಡೀ ಪುಸ್ತಕದ ವರ್ಗೀಕರಣ ಒಂದು ವಾಕ್ಯದ ಮಟ್ಟಕ್ಕೂ ಇಳಿಯುತ್ತದೆ. ನನಗೆ ಇದು ಇಷ್ಟವಾಗಲು ಅದೇ ಕಾರಣ.

ಮೊಟ್ಟಮೊದಲ ಸೈನ್ಸ್ ಫಿಕ್ಷನ್ ಯಾವುದು?

ನೀವು ಸೈನ್ಸ್ ಫಿಕ್ಷನ್ ಅಂದರೆ ಏನು ಅಂದುಕೊಂಡಿದ್ದೀರಿ ಅನ್ನೋದರ ಮೇಲೆ ಹೋಗುತ್ತದೆ.

ಚಂದ್ರನ ಪ್ರಯಾಣ ಸಾಕು ಅಂದರೆ ಎರಡನೇ ಶತಮಾನದ ಗ್ರೀಕ್ ಲೇಖಕ ಲೂಸಿಯನ್ ಇದ್ದಾನೆ. ಅವನ ಕಥೆಯ ಹಡಗು ಸುಂಟರಗಾಳಿಗೆ ಸಿಕ್ಕಿ ಚಂದ್ರನಿಗೆ ಹೋಗುತ್ತದೆ. ಖಗೋಳ ವಿಜ್ಞಾನವೂ ಬೇಕು ಅಂದರೆ ಕೆಪ್ಲರ್. ಅವನ 'ಸೋಮ್ನಿಯಮ್' ಅವನು ತೀರಿಕೊಂಡ ಮೇಲೆ 1634ರಲ್ಲಿ ಅಚ್ಚಾಯಿತು. ಪ್ರಯೋಗಶಾಲೆ, ವಿಜ್ಞಾನಿ, ಅವನ ತಪ್ಪಿನ ಹೊಣೆ ಮುಖ್ಯ ಅಂದರೆ 1818ರ 'ಫ್ರಾಂಕೆನ್‌ಸ್ಟೈನ್'. ಅದು ಹೊರಬಂದಾಗ ಮೇರಿ ಶೆಲ್ಲಿಗೆ 20 ವರ್ಷ, ಪುಸ್ತಕದ ಮೇಲೆ ಅವಳ ಹೆಸರೂ ಇರಲಿಲ್ಲ. ಇದೇ ಮೊದಲನೆಯದು ಅಂತ 1973ರಲ್ಲಿ ಗಟ್ಟಿಯಾಗಿ ವಾದಿಸಿದವರು ಬ್ರಯಾನ್ ಆಲ್ಡಿಸ್. ಮಾರುಕಟ್ಟೆ, ಹೆಸರು, ಓದುಗರ ಗುಂಪು ಎಲ್ಲ ಇದ್ದರೆ ಮಾತ್ರ ಒಂದು ಪ್ರಕಾರ ಅಂದರೆ 1926ರ ಏಪ್ರಿಲ್. ಆಗ ಹ್ಯೂಗೋ ಗರ್ನ್ಸ್‌ಬ್ಯಾಕ್ 'ಅಮೇಝಿಂಗ್ ಸ್ಟೋರೀಸ್' ಪತ್ರಿಕೆ ತಂದ. ಅವನು ಇಂಥ ಕಥೆಗಳಿಗೆ ಇಟ್ಟ ಹೆಸರು 'ಸೈಂಟಿಫಿಕ್ಷನ್'. ಪುಣ್ಯಕ್ಕೆ ಅದು ಉಳಿಯಲಿಲ್ಲ.

ತಮಾಷೆ ಅಂದರೆ, ಯಾರನ್ನು ಮೊದಲಿಗರು ಅಂತ ಆರಿಸುತ್ತೀರೋ ಅವರು ಆಮೇಲಿನ ಇಡೀ ಇತಿಹಾಸದ ದಿಕ್ಕು ತಿರುಗಿಸುತ್ತಾರೆ. ಗರ್ನ್ಸ್‌ಬ್ಯಾಕ್‌ನಿಂದ ಹೊರಟರೆ ಇದು ಅಮೆರಿಕದ ಗ್ಯಾಜೆಟ್ ಪ್ರಿಯರ ಕಥೆ. ಶೆಲ್ಲಿಯಿಂದ ಹೊರಟರೆ ಒಬ್ಬ ಹೆಂಗಸಿನ ಭಯದಿಂದ, ದುಃಖದಿಂದ ಹುಟ್ಟಿದ ಕಥೆ.

ಇದೆಲ್ಲ ವಾಸ್ತವದಿಂದ ತಪ್ಪಿಸಿಕೊಳ್ಳೋದು, ಅಲ್ವಾ?

ಈ ಆರೋಪಕ್ಕೆ ಟಾಲ್ಕಿನ್ 1939ರ ಮಾರ್ಚ್ 8ರಂದು ಸ್ಕಾಟ್ಲೆಂಡಿನ ಸೇಂಟ್ ಆಂಡ್ರ್ಯೂಸ್ ವಿಶ್ವವಿದ್ಯಾಲಯದ ಉಪನ್ಯಾಸದಲ್ಲಿ ಉತ್ತರ ಕೊಟ್ಟರು. ಆ ಉಪನ್ಯಾಸ 1947ರಲ್ಲಿ ವಿಸ್ತಾರವಾಗಿ ಅಚ್ಚಾಯಿತು. ಅವರ ವಾದ ಸರಳ. ಜೈಲಿನಲ್ಲಿರುವವನು ಹೊರಗೆ ಹೋಗಬೇಕು ಅಂದುಕೊಂಡರೆ ತಪ್ಪೇನು? ಹೋಗಲಾಗದಿದ್ದರೆ ಗೋಡೆ, ಕಾವಲುಗಾರರನ್ನು ಬಿಟ್ಟು ಬೇರೆ ವಿಷಯ ಮಾತಾಡಿದರೆ ತಪ್ಪೇನು? ಯುದ್ಧಭೂಮಿಯಿಂದ ಓಡಿಹೋಗುವ ಸೈನಿಕನನ್ನೂ ಸೆರೆಯಿಂದ ಬಿಡಿಸಿಕೊಳ್ಳುವ ಕೈದಿಯನ್ನೂ ಜನ ಒಂದೇ ತಕ್ಕಡಿಯಲ್ಲಿ ತೂಗುತ್ತಾರೆ ಅಂತ ಅವರ ದೂರು.

ಅದೇ ಉಪನ್ಯಾಸದಲ್ಲಿ ಇನ್ನೂ ಮುಖ್ಯವಾದ ಒಂದು ಮಾತಿದೆ. ಕೋಲ್‌ರಿಡ್ಜ್ ಅನ್ನೋ ಇಂಗ್ಲಿಷ್ ಕವಿ 1817ರಲ್ಲಿ, ಕಾವ್ಯ ಓದುವಾಗ ನಾವು ಬೇಕಂತಲೇ ಅಪನಂಬಿಕೆಯನ್ನು ಪಕ್ಕಕ್ಕಿಡುತ್ತೇವೆ ಅಂದಿದ್ದ. ಟಾಲ್ಕಿನ್ ಒಪ್ಪಲಿಲ್ಲ. ಅಪನಂಬಿಕೆಯನ್ನು ಕಷ್ಟಪಟ್ಟು ಅದುಮಿ ಹಿಡಿಯಬೇಕಾಯಿತು ಅಂದರೆ ಕಥೆ ಆಗಲೇ ಸೋತಿದೆ. ಕಥೆಗಾರ ಒಂದು ಎರಡನೇ ಲೋಕ ಕಟ್ಟುತ್ತಾನೆ. ಒಳಗೆ ಇರುವಷ್ಟು ಹೊತ್ತು ಅಲ್ಲಿನದೆಲ್ಲ ಅಲ್ಲಿನ ನಿಯಮದ ಪ್ರಕಾರ ನಿಜ. ಅನುಮಾನ ಬಂದ ಕ್ಷಣ ಮಂತ್ರ ಒಡೆಯುತ್ತದೆ, ನಾವು ಹೊರಗೆ ಬಿದ್ದಿರುತ್ತೇವೆ. ಕೆಟ್ಟ ಫ್ಯಾಂಟಸಿ ಓದಿದವರಿಗೆಲ್ಲ ಆ ಹೊರಗೆ ಬೀಳುವ ಅನುಭವ ಗೊತ್ತು.

ಎದುರು ವಾದವೂ ಕೇಳಿಸಿಕೊಳ್ಳಿ. ರೋಸ್‌ಮರಿ ಜಾಕ್ಸನ್ 1981ರ ಪುಸ್ತಕದಲ್ಲಿ ಟಾಲ್ಕಿನ್ ಥರದ ಕಥೆಗಳು ಹಳೆಯದರ ಹಂಬಲದಲ್ಲಿ ಓದುಗರನ್ನು ತಟ್ಟಿ ಮಲಗಿಸುತ್ತವೆ ಅಂದರು. ಅವರ ಪ್ರಕಾರ ಒಳ್ಳೆಯ ಫ್ಯಾಂಟಸಿ ಸಮಾಜ ಮುಚ್ಚಿಟ್ಟದ್ದನ್ನು ಎಳೆದು ತೋರಿಸಬೇಕು, ನಿದ್ದೆ ಕೆಡಿಸಬೇಕು. ಇಬ್ಬರೂ ಅರ್ಧರ್ಧ ಸರಿ ಅಂತ ಹೇಳಿ ಜಾರಿಕೊಳ್ಳಬಹುದು. ನನಗನಿಸುವುದು, ಜಾಕ್ಸನ್ ಟಾಲ್ಕಿನ್ ಪುಸ್ತಕದ ಕೊನೆಯನ್ನು ಸರಿಯಾಗಿ ಓದಲಿಲ್ಲ. ಗೆದ್ದು ಮನೆಗೆ ಬಂದವನಿಗೆ ಆ ಮನೆಯಲ್ಲಿ ಇರಲಾಗುವುದಿಲ್ಲ, ಗಾಯ ಮಾಯುವುದಿಲ್ಲ. ಅದು ಮಲಗಿಸುವ ಕಥೆಯಲ್ಲ.

ಸೈನ್ಸ್ ಫಿಕ್ಷನ್ ಭವಿಷ್ಯ ಹೇಳುತ್ತದಾ?

ಇಲ್ಲ. ಹೇಳುತ್ತದೆ ಅನ್ನುವವರು ಸಾಮಾನ್ಯವಾಗಿ ಕಥೆಗಾರ ಆರ್ಥರ್ ಕ್ಲಾರ್ಕ್ ಮತ್ತು ಸಂಪರ್ಕ ಉಪಗ್ರಹದ ಉದಾಹರಣೆ ಕೊಡುತ್ತಾರೆ. ಆದರೆ ಕ್ಲಾರ್ಕ್ 1945ರಲ್ಲಿ ಅದನ್ನು ಬರೆದದ್ದು ಕಥೆಯಲ್ಲಲ್ಲ, 'ವೈರ್‌ಲೆಸ್ ವರ್ಲ್ಡ್' ಅನ್ನೋ ತಾಂತ್ರಿಕ ಪತ್ರಿಕೆಯ ಲೇಖನದಲ್ಲಿ.

ಅಮೆರಿಕದ ವಿಮರ್ಶಕ ಫ್ರೆಡ್ರಿಕ್ ಜೇಮ್ಸನ್ 1982ರಲ್ಲಿ ಇದಕ್ಕಿಂತ ಚೆನ್ನಾದ ಉತ್ತರ ಕೊಟ್ಟರು. ನಮ್ಮ ಇವತ್ತನ್ನು ನೇರವಾಗಿ ನೋಡುವುದು ನಮಗೆ ಕಷ್ಟ. ತುಂಬ ಹತ್ತಿರ ಇದೆ. ಸೈನ್ಸ್ ಫಿಕ್ಷನ್ ಅದನ್ನು ಇನ್ಯಾವುದೋ ನಾಳೆಯ ನಿನ್ನೆಯನ್ನಾಗಿ ಮಾಡಿ ತೋರಿಸುತ್ತದೆ. ಹಾಗಾಗಿ ಹಳೆಯ ಸೈನ್ಸ್ ಫಿಕ್ಷನ್ ಓದುವಾಗ 'ಇದು ನಿಜವಾಯ್ತಾ' ಅಂತ ಅಂಕ ಕೊಡುತ್ತ ಕೂರಬೇಡಿ. ನಕ್ಷತ್ರಗಳ ನಡುವೆ ಹಾರುವ ನೌಕೆಯಲ್ಲಿ ಗಂಡಸರೇ ಕ್ಯಾಪ್ಟನ್, ಹೆಂಗಸರೇ ಟೈಪಿಸ್ಟ್ ಆಗಿದ್ದರೆ ಆ ಲೇಖಕನಿಗೆ ಏನನ್ನು ಬದಲಿಸಲು ಸಾಧ್ಯವಾಗಲಿಲ್ಲ ಅಂತ ಅಲ್ಲೇ ಕಾಣುತ್ತದೆ.

ಇದನ್ನು ಓದಲು ವಿಜ್ಞಾನ ಗೊತ್ತಿರಬೇಕಾ?

ಹೈಸ್ಕೂಲಿನಷ್ಟು ಸಾಕು.

ಸಿನಿಮಾ, ಗೇಮ್ ಕೂಡ ಸೇರುತ್ತವಾ?

ಸೇರುತ್ತವೆ. ಸಿನಿಮಾ ಹುಟ್ಟಿ ಹತ್ತು ವರ್ಷ ತುಂಬುವ ಮೊದಲೇ, 1902ರಲ್ಲಿ, ಜಾರ್ಜ್ ಮೆಲಿಯೆ ಚಂದ್ರನ ಕಣ್ಣಿಗೆ ರಾಕೆಟ್ ಚುಚ್ಚಿದ್ದ. 1965ರಲ್ಲಿ ಸೂಸನ್ ಸೊಂಟಾಗ್ ಒಂದು ಪ್ರಬಂಧದಲ್ಲಿ ಸೈನ್ಸ್ ಫಿಕ್ಷನ್ ಸಿನಿಮಾಗಳ ವಿಷಯ ವಿಜ್ಞಾನವಲ್ಲ, ವಿನಾಶ ಅಂದರು. ಅಣುಬಾಂಬಿನ ಕಾಲದ ಜನ ಊರು ಕುಸಿಯುವುದನ್ನು ದುಡ್ಡು ಕೊಟ್ಟು ಯಾಕೆ ನೋಡುತ್ತಾರೆ ಅನ್ನೋ ಪ್ರಶ್ನೆ ಅದು. ಇವತ್ತಿಗೂ ಹಳೆಯದಾಗಿಲ್ಲ.

ಸಿನಿಮಾದಲ್ಲಿ ನಂಬಿಸುವ ಕೆಲಸ ಬೇರೆ ಥರ. ಅಲ್ಲಿ 'ಎರಡನೇ' ಅನ್ನೋ ಒಂದು ಪದದ ಕೆಲಸವನ್ನು ಒಂದು ವಸ್ತು ಮಾಡಬೇಕು. ನೌಕೆಯೊಳಗೆ ಸಾಲಾಗಿ ಗುಂಡಿಗಳಿವೆ ಅಂದುಕೊಳ್ಳಿ. ಒಂದರ ಮೇಲಿನ ಅಕ್ಷರ ಮಾತ್ರ ಸವೆದು ಅಳಿಸಿಹೋಗಿದೆ. ಯಾರೂ ಬಾಯಿಬಿಡದೆ ಈ ನೌಕೆಗೆ ವಯಸ್ಸಾಗಿದೆ, ಯಾರೋ ಇದನ್ನೇ ದಿನಾ ಒತ್ತುತ್ತಾರೆ ಅಂತ ಗೊತ್ತಾಯಿತು. ಎಲ್ಲ ಗುಂಡಿಯೂ ಪಳಪಳ ಹೊಳೆಯುತ್ತಿದ್ದರೆ ಅದು ಸೆಟ್ಟು ಅಂತ ಕಣ್ಣಿಗೆ ಹೊಡೆಯುತ್ತದೆ.

ಗೇಮ್‌ಗಳಲ್ಲಿ ನಂಬಿಕೆ ಬರುವುದು ನಿಯಮದಿಂದ. 1974ರಲ್ಲಿ 'ಡಂಜನ್ಸ್ ಅಂಡ್ ಡ್ರ್ಯಾಗನ್ಸ್' ಬಂದಾಗ ಮೇಜಿನ ಸುತ್ತ ಕೂತವರು ಒಂದು ಲೋಕವನ್ನು ದಾಳ ಉರುಳಿಸಿ, ಮಾತಾಡಿ ಕಟ್ಟಲು ಶುರು ಮಾಡಿದರು. 1983ರಲ್ಲಿ ಸಮಾಜಶಾಸ್ತ್ರಜ್ಞ ಗ್ಯಾರಿ ಅಲನ್ ಫೈನ್ ಇಂಥ ಆಟಗಾರರ ಜೊತೆ ಕೂತು ಬರೆದ ಪುಸ್ತಕ ಬಂತು. ಕಾದಂಬರಿಯಲ್ಲಿ ಗೋಡೆ ಇದೆ ಅಂದರೆ ನಂಬುತ್ತೇವೆ, ಗೇಮ್‌ನಲ್ಲಿ ಹೋಗಿ ಡಿಕ್ಕಿ ಹೊಡೆದು ನೋಡುತ್ತೇವೆ.

ಅಭಿಮಾನಿಗೂ ವಿದ್ವಾಂಸನಿಗೂ ವ್ಯತ್ಯಾಸ?

ಕೆಲವು ಸಲ ಅಡಿಟಿಪ್ಪಣಿ ಮಾತ್ರ. ಸುಮ್ನೆ ಹೇಳುತ್ತಿಲ್ಲ. ವಿಶ್ವವಿದ್ಯಾಲಯಗಳು ಕಣ್ಣು ಬಿಡುವ ಎಷ್ಟೋ ವರ್ಷ ಮೊದಲೇ ಅಭಿಮಾನಿಗಳು ಹಳೆಯ ಪತ್ರಿಕೆಗಳನ್ನು ಕೂಡಿಟ್ಟರು, ಸೂಚಿ ಮಾಡಿದರು, ಯಾವ ಗುಪ್ತನಾಮ ಯಾರದ್ದು ಅಂತ ಪತ್ತೆ ಹಚ್ಚಿದರು. ಆ ಪತ್ರಿಕೆಗಳ ಅಗ್ಗದ ಕಾಗದ ಮುಟ್ಟಿದರೆ ಪುಡಿಯಾಗುತ್ತದೆ. ಅವರು ಜೋಪಾನ ಮಾಡದಿದ್ದರೆ ಇವತ್ತಿನ ಪ್ರಾಧ್ಯಾಪಕರಿಗೆ ಓದಲು ಏನೂ ಇರುತ್ತಿರಲಿಲ್ಲ.

ಆಮೇಲೆ ಅಭಿಮಾನಿಗಳೇ ಅಧ್ಯಯನದ ವಸ್ತುವಾದರು. 1992ರಲ್ಲಿ ಹೆನ್ರಿ ಜೆಂಕಿನ್ಸ್, ಕ್ಯಾಮಿಲ್ ಬೇಕನ್-ಸ್ಮಿತ್ ಇಬ್ಬರ ಪುಸ್ತಕಗಳೂ ಬಂದವು. ಜೆಂಕಿನ್ಸ್ ಅಭಿಮಾನಿಗಳನ್ನು ಬೇರೆಯವರ ಜಮೀನಿನಲ್ಲಿ ಕದ್ದು ಬೇಟೆಯಾಡುವವರಿಗೆ ಹೋಲಿಸಿದರು. ಅದನ್ನು ಹೊಗಳಿಕೆಯಾಗಿಯೇ ಹೇಳಿದ್ದು. 2019ರಲ್ಲಿ ಅಭಿಮಾನಿಗಳೇ ನಡೆಸುವ ಕಥಾಭಂಡಾರ 'ಆರ್ಕೈವ್ ಆಫ್ ಅವರ್ ಓನ್' ಸೈನ್ಸ್ ಫಿಕ್ಷನ್, ಫ್ಯಾಂಟಸಿಗೆ ಕೊಡುವ ಹ್ಯೂಗೋ ಪ್ರಶಸ್ತಿ ಪಡೆಯಿತು.

ಬರೀ ಇಂಗ್ಲಿಷಿನವರದ್ದೇ ಆಯಿತಲ್ಲ?

ಬಹಳ ಕಾಲ ಹಾಗೇ ಇತ್ತು. ಅದು ಈ ಕ್ಷೇತ್ರದ ದೊಡ್ಡ ಕುರುಡು. 'ರೋಬಾಟ್' ಅನ್ನೋ ಪದವೇ ಜೆಕ್ ಭಾಷೆಯದು. ಕರೆಲ್ ಚಾಪೆಕ್ 1920ರ ನಾಟಕದಲ್ಲಿ ಅದನ್ನು ಬಳಸಿದ, ಸೂಚಿಸಿದವನು ಅವನ ಅಣ್ಣ ಯೋಸೆಫ್. ಮೂಲ ಪದಕ್ಕೆ ಬಿಟ್ಟಿ ಚಾಕರಿ ಅಂತ ಅರ್ಥ. ಪದ ಕೇಳಿದ ಕೂಡಲೇ ನಮಗೆ ಲೋಹ ಕಾಣುತ್ತದೆ, ಆ ನಾಟಕ ನೋಡಿದವರಿಗೆ ಕೂಲಿಯಾಳು ಕಂಡಿರಬೇಕು. ಬೇಗಂ ರೊಕೆಯಾ 1905ರಲ್ಲಿ ಮದ್ರಾಸಿನ 'ದಿ ಇಂಡಿಯನ್ ಲೇಡೀಸ್ ಮ್ಯಾಗಝಿನ್'ನಲ್ಲಿ ಬರೆದ 'ಸುಲ್ತಾನಾಸ್ ಡ್ರೀಮ್' ಇನ್ನೊಂದು. ಅಲ್ಲಿ ಗಂಡಸರು ಮನೆಯೊಳಗೆ, ಹೆಂಗಸರು ಸೂರ್ಯನ ಶಾಖ ಹಿಡಿದು ರಾಜ್ಯ ನಡೆಸುತ್ತಾರೆ. 2015ರಲ್ಲಿ ಲಿಯು ಸಿಶಿನ್ ಅವರ ಚೀನೀ ಕಾದಂಬರಿ ಕೆನ್ ಲಿಯು ಅನುವಾದದಲ್ಲಿ ಹ್ಯೂಗೋ ಪಡೆಯಿತು. ಅನುವಾದಿತ ಕಾದಂಬರಿಗೆ ಆ ಪ್ರಶಸ್ತಿ ಬಂದದ್ದು ಅದೇ ಮೊದಲು.

ಹಳೆಯ ಕೃತಿಗಳನ್ನೂ ಈಗ ಬೇರೆ ಕಣ್ಣಿಂದ ಓದುತ್ತಿದ್ದಾರೆ. ಎಚ್. ಜಿ. ವೆಲ್ಸ್ 1898ರ 'ದಿ ವಾರ್ ಆಫ್ ದಿ ವರ್ಲ್ಡ್ಸ್' ಕಾದಂಬರಿಯ ಮೊದಲ ಅಧ್ಯಾಯದಲ್ಲೇ, ಭೂಮಿಗೆ ನುಗ್ಗುವ ಮಂಗಳ ಗ್ರಹದವರನ್ನು ಕ್ರೂರಿಗಳು ಅನ್ನುವ ಮೊದಲು ಯುರೋಪಿನವರು ಟಾಸ್ಮೇನಿಯಾದ ಮೂಲನಿವಾಸಿಗಳಿಗೆ ಏನು ಮಾಡಿದರು ನೆನಪಿಸಿಕೊಳ್ಳಿ ಅನ್ನುತ್ತಾನೆ. ಜಾನ್ ರೀಡರ್ 2008ರ ಪುಸ್ತಕದಲ್ಲಿ ಸೈನ್ಸ್ ಫಿಕ್ಷನ್ ಬೆಳೆದದ್ದೇ ವಸಾಹತುಗಳ ಕಾಲದಲ್ಲಿ ಅಂತ ವಿವರವಾಗಿ ತೋರಿಸಿದರು. ಹೊಸ ಗ್ರಹ, ಅಲ್ಲಿನ 'ಕಾಡು' ಜನ, ಧ್ವಜ ನೆಡುವ ನಾಯಕ: ಇದೆಲ್ಲ ಎಲ್ಲಿಂದ ಬಂತು ಅಂತ ಒಮ್ಮೆ ಗೊತ್ತಾದರೆ ಮತ್ತೆ ಮರೆಯಲಾಗುವುದಿಲ್ಲ. 1990ರ ದಶಕದ ಶುರುವಿನಲ್ಲಿ ವಿಮರ್ಶಕ ಮಾರ್ಕ್ ಡೆರಿ ಕಪ್ಪು ಜನರ ಭವಿಷ್ಯದ ಕಥೆಗಳಿಗೆ 'ಆಫ್ರೋಫ್ಯೂಚರಿಸಂ' ಅನ್ನೋ ಪದ ಕೊಟ್ಟರು. ಅದು ಹೆಚ್ಚಾಗಿ ಅಮೆರಿಕದ ಕಪ್ಪು ಜನರ ಅನುಭವದ ಮಾತು. ಅದು ತಮಗೆ ಹೊಂದುವುದಿಲ್ಲ ಅಂತ ನೈಜೀರಿಯಾ ಮೂಲದ ಕಾದಂಬರಿಕಾರ್ತಿ ನ್ನೆಡಿ ಒಕೊರಾಫೋರ್ 2019ರಲ್ಲಿ, ಆಫ್ರಿಕದಲ್ಲೇ ಬೇರೂರಿದ ಕಥೆಗಳಿಗೆ 'ಆಫ್ರಿಕನ್‌ಫ್ಯೂಚರಿಸಂ' ಅಂತ ಬೇರೆ ಪದವನ್ನೇ ಮುಂದಿಟ್ಟರು.

ಪುರಾಣಗಳೂ ಫ್ಯಾಂಟಸಿನೇ ಅಲ್ವಾ?

ಈ ಮಾತನ್ನು ಸ್ವಲ್ಪ ಹುಷಾರಾಗಿ ಆಡಬೇಕು. ಪುರಾಣ ಹೇಳಿದವರೂ ಕೇಳಿದವರೂ ಅದನ್ನು ಕಟ್ಟುಕಥೆ ಅಂದುಕೊಂಡಿರಲಿಲ್ಲ. ಫ್ಯಾಂಟಸಿ ಬರೆಯುವವರಿಗೂ ಓದುವವರಿಗೂ ಇದು ಕಟ್ಟಿದ್ದು ಅಂತ ಗೊತ್ತು. ಆ ಗುಟ್ಟಿನ ಒಪ್ಪಂದ ಇಲ್ಲದಿದ್ದರೆ ಫ್ಯಾಂಟಸಿ ಇಲ್ಲ. ಆಟಬರಿ 2014ರ ಪುಸ್ತಕದಲ್ಲಿ ಇದನ್ನೇ ಹಿಡಿದರು: ಪುರಾಣವನ್ನು ಹೊಸದಾಗಿ ಕಟ್ಟುವುದು ಆಧುನಿಕ ಫ್ಯಾಂಟಸಿಯ ಕೆಲಸ, ಆ ಪುರಾಣವನ್ನು ಇವತ್ತಿಗೂ ನಂಬುವ ಜನ ಇದ್ದಾಗ ಅದು ಜಗಳಕ್ಕೂ ದಾರಿ.

ಎಲ್ಲಿ ಓದಬಹುದು?

ಗ್ಲಾಸ್ಗೋ ವಿಶ್ವವಿದ್ಯಾಲಯದಲ್ಲಿ ಫ್ಯಾಂಟಸಿಗೇ ಸ್ನಾತಕೋತ್ತರ ಕೋರ್ಸ್ ಇದೆ, 2020ರಲ್ಲಿ ಒಂದು ಕೇಂದ್ರವನ್ನೂ ತೆರೆದರು. ಪುಸ್ತಕ ಸಂಗ್ರಹ ಬೇಕಾದರೆ ಲಿವರ್‌ಪೂಲ್ ವಿಶ್ವವಿದ್ಯಾಲಯ, ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ರಿವರ್‌ಸೈಡ್ ಕ್ಯಾಂಪಸ್‌ನ ಈಟನ್ ಸಂಗ್ರಹ, ಟೊರಾಂಟೊ ಸಾರ್ವಜನಿಕ ಗ್ರಂಥಾಲಯದ ಮೆರಿಲ್ ಸಂಗ್ರಹ. ಮನೆಯಲ್ಲೇ ಕೂತು ಓದುವವರಿಗೆ 'ದಿ ಎನ್‌ಸೈಕ್ಲೊಪೀಡಿಯಾ ಆಫ್ ಸೈನ್ಸ್ ಫಿಕ್ಷನ್' 2011ರಿಂದ ಇಂಟರ್ನೆಟ್‌ನಲ್ಲಿ ಬಿಟ್ಟಿಯಾಗಿ ಇದೆ. ಒಂದು ಹೆಸರು ಹುಡುಕಲು ಹೋಗಿ ಮಧ್ಯರಾತ್ರಿ ಆಗುತ್ತದೆ, ಮೊದಲೇ ಹೇಳಿದ್ದೇನೆ.

ಈ ಪುಸ್ತಕಗಳಲ್ಲಿ ಕಳಪೆಯದ್ದೇ ಜಾಸ್ತಿ ಅಲ್ವಾ?

ಹೌದು. ಸೈನ್ಸ್ ಫಿಕ್ಷನ್ ಕಥೆಗಾರ ಥಿಯೋಡರ್ ಸ್ಟರ್ಜನ್ 1950ರ ದಶಕದಲ್ಲೇ ಒಪ್ಪಿಕೊಂಡಿದ್ದ: ನೂರಕ್ಕೆ ತೊಂಬತ್ತು ಕಸ. ಜೊತೆಗೇ ಒಂದು ಮಾತು ಸೇರಿಸಿದ್ದ, ಬೇರೆ ಎಲ್ಲದರಲ್ಲೂ ಅಷ್ಟೇ. ಆದರೆ ಸಂಶೋಧಕರಿಗೆ ಕಸವೂ ಬೇಕು. ಒಂದು ಕಾಲದ ಜನ ಯಾವುದನ್ನು ಪ್ರಶ್ನಿಸದೆ ನಂಬಿದ್ದರು ಅಂತ ದೊಡ್ಡ ಕೃತಿಗಳಿಗಿಂತ ಕಳಪೆ ಕಥೆಗಳು ಬೇಗ ಬಾಯಿಬಿಡುತ್ತವೆ.

ಇಷ್ಟೆಲ್ಲ ಬಿಡಿಸಿ ನೋಡಿದರೆ ಓದುವ ಖುಷಿ ಹಾಳಾಗಲ್ವಾ?

ಒಂದು ವರ್ಷ ಹಾಳಾಗಿತ್ತು. ಯಾವ ಪುಸ್ತಕ ಹಿಡಿದರೂ ನೋವಮ್ ಎಲ್ಲಿ, ಯಾವ ಬಗೆ ಅಂತ ಮನಸ್ಸು ಚೀಟಿ ಅಂಟಿಸುತ್ತಿತ್ತು. ಆಮೇಲೆ ಒಂದು ರಾತ್ರಿ ಕರೆಂಟ್ ಹೋದಾಗ ಟಾರ್ಚ್ ಹಿಡಿದು ಚಿಕ್ಕಂದಿನಲ್ಲಿ ಓದಿದ್ದ ಒಂದು ಪುಸ್ತಕ ಮತ್ತೆ ತೆಗೆದೆ. ನಲವತ್ತು ಪುಟ ಆದ ಮೇಲೆ ಪೆನ್ಸಿಲ್ ಕೈಯಲ್ಲೇ ಇದೆ, ಒಂದು ಗೆರೆಯನ್ನೂ ಎಳೆದಿಲ್ಲ ಅಂತ ಗಮನಕ್ಕೆ ಬಂತು. ಹಿಂದಕ್ಕೆ ಹೋಗಿ ನೋಡಿದೆ, ಎಲ್ಲಿ ನನ್ನನ್ನು ಒಳಗೆ ಎಳೆದುಕೊಂಡಿತು ಅಂತ. ಅಲ್ಲಿಂದ ನನ್ನ ಓದು ಹೀಗೇ ನಡೆದಿದೆ: ಮೊದಲು ಮೋಸ ಹೋಗುವುದು, ಆಮೇಲೆ ಹೇಗೆ ಮೋಸ ಹೋದೆ ಅಂತ ಹುಡುಕುವುದು.

ಸರಿ, ನಾನು ಎಲ್ಲಿಂದ ಶುರು ಮಾಡಲಿ?

ಸಿದ್ಧಾಂತದ ಪುಸ್ತಕದಿಂದ ಬೇಡ. ನಿಮಗೆ ತುಂಬ ಇಷ್ಟವಾದ ಒಂದು ಫ್ಯಾಂಟಸಿಯನ್ನೋ ಸೈನ್ಸ್ ಫಿಕ್ಷನ್ನನ್ನೋ ತೆಗೆದುಕೊಳ್ಳಿ. ಮೊದಲ ಹತ್ತು ಪುಟ ಸಾಕು. ನಮ್ಮ ಲೋಕದಲ್ಲಿ ಇಲ್ಲದ ಪದ ಅಥವಾ ವಸ್ತು ಬಂದಾಗೆಲ್ಲ ಕೆಳಗೆ ಗೆರೆ ಎಳೆಯಿರಿ. ಅದು ಏನು ಅಂತ ನಿಮಗೆ ಯಾವ ಪುಟದಲ್ಲಿ ಗೊತ್ತಾಯಿತು, ಯಾರು ಹೇಳಿದರು, ಇಲ್ಲ ನೀವೇ ಊಹಿಸಿದಿರಾ ಅಂತ ಪಕ್ಕದಲ್ಲಿ ಬರೆಯಿರಿ. ಕೆಲವಕ್ಕೆ ಅದೇ ಸಾಲಿನಲ್ಲಿ ಉತ್ತರ ಇರುತ್ತದೆ. ಕೆಲವಕ್ಕೆ ನೂರು ಪುಟ ಕಾಯಬೇಕು. ಪುಸ್ತಕ ಮುಗಿದರೂ ಉತ್ತರ ಸಿಗದ ಒಂದೆರಡು ಉಳಿಯುತ್ತವೆ. ನಿಮ್ಮ ಮೊದಲ ಪ್ರಬಂಧವನ್ನು ಅವುಗಳ ಮೇಲೆ ಬರೆಯಿರಿ.